ಅಂಚೆ ವಿಂಗಡಿಸಿದ ಹುಡುಗ, ಆಟ ಕಲಿಸಿದ ಗುರು



ಶಾಲೆಯ ಆಟದ ಬಯಲು ಮಕ್ಕಳ ಪಾಲಿಗೆ ಸ್ವರ್ಗ; ಹೆತ್ತವರ ಪಾಲಿಗೆ ಬಹಳ ಸಲ ಅದು ಸಂಶಯದ ತಾಣ. "ಮಾಸ್ಟ್ರೇ, ಇವನಿಗೆ ಆಟವೊಂದು ಬಿಟ್ಟರೆ ಬೇರೆ ಧ್ಯಾನವಿಲ್ಲ, ನೀವೇ ಸ್ವಲ್ಪ ಬುದ್ಧಿ ಹೇಳಬೇಕು" ಎಂಬ ಮಾತನ್ನು ನಾವು ಅಧ್ಯಾಪಕರು ವರ್ಷಕ್ಕೆ ಹತ್ತು ಸಲವಾದರೂ ಕೇಳುತ್ತೇವೆ. ಇದರ ಜೊತೆಗೆ ಇನ್ನೆರಡು ಮಾತುಗಳೂ ನಮ್ಮ ಕಿವಿಗೆ ಬೀಳುತ್ತವೆ. "ಮನೆಯ ಮಾತು ಒಂದು, ಶಾಲೆಯ ಮಾತು ಇನ್ನೊಂದು, ಸರಕಾರದ ಮಾತು ಮತ್ತೊಂದು, ಇದರ ನಡುವೆ ನಮ್ಮ ಮಗು ಹಿಂದೆ ಬಿದ್ದೀತೇ?" ಎಂಬುದು ಒಂದು. "ಹತ್ತನೆಯದು ಮುಗಿದರೆ ಸಾಕು, ಮನೆಗೆ ನಾಲ್ಕು ಕಾಸು ತರಲಿ, ಮತ್ತೆ ಓದುವುದು ಯಾರಿಂದಾದೀತು?" ಎಂಬುದು ಇನ್ನೊಂದು.

ಈ ಮೂರೂ ಪ್ರಶ್ನೆಗಳನ್ನು ಒಟ್ಟಿಗೆ ತಲೆಯಲ್ಲಿಟ್ಟುಕೊಂಡು ಒಬ್ಬ ಮನುಷ್ಯನ ಬದುಕನ್ನು ನೋಡೋಣ. ಆತ ನಮ್ಮ ನಾಡಿನವನಲ್ಲ; ಆಡಿದ್ದು ನಾವು ಆಡುವ ಆಟವೂ ಅಲ್ಲ. ಹೆಸರು ನೂಟ್ ರಾಕ್ನಿ. ಅಮೆರಿಕದಲ್ಲಿ ಕಾಲೇಜು ತಂಡದ ಆಟಗಾರರಾಗಿದ್ದು, ಅದೇ ಕಾಲೇಜಿನ ತರಬೇತುದಾರರಾಗಿ, ಆ ದೇಶದ ಕ್ರೀಡಾ ಚರಿತ್ರೆಯಲ್ಲಿ ಅಳಿಯದ ಹೆಸರು ಗಳಿಸಿದವರು. ಕನ್ನಡ ಪಾಠ ಹೇಳುವ ನಮಗೆ ಅಮೆರಿಕದ ಆಟದ ಗೊಡವೆ ಏಕೆ ಎಂದು ಯಾರಾದರೂ ಕೇಳಿಯಾರು. ಒಳ್ಳೆಯ ಅಧ್ಯಾಪಕರ ಕಥೆ ಎಲ್ಲಿದ್ದರೂ ಅದು ನಮ್ಮ ಕಸುಬಿನ ಕಥೆಯೇ ತಾನೆ?

ಮೊದಲು ಆ ಆಟದ ಪರಿಚಯವಾಗಲಿ. ಕೊಯ್ಲಾದ ಗದ್ದೆಗಳಲ್ಲಿ ನೀವು ಆಡುವ ಕಾಲ್ಚೆಂಡಾಟವೂ ಅಮೆರಿಕದವರು ಫುಟ್‌ಬಾಲ್ ಎನ್ನುವ ಆಟವೂ ಬೇರೆ ಬೇರೆ. ಅವರ ಚೆಂಡು ಉರುಟಲ್ಲ, ಎರಡೂ ತುದಿ ಚೂಪಾದ ಮೊಟ್ಟೆಯ ಆಕಾರದ್ದು. ಅದನ್ನು ಕೈಯಲ್ಲಿ ಹಿಡಿದುಕೊಂಡೇ ಓಡುತ್ತಾರೆ. ಒಂದೊಂದು ಪಕ್ಷದಲ್ಲಿ 11 ಮಂದಿ. ಅಂಗಣದ ಉದ್ದ 100 ಗಜ. ಚೆಂಡು ಹಿಡಿದ ಪಕ್ಷಕ್ಕೆ ನಾಲ್ಕು ಅವಕಾಶಗಳು. ಅಷ್ಟರಲ್ಲಿ 10 ಗಜ ಮುಂದೆ ಸಾಗಬೇಕು. ಸಾಗಿದರೆ ಮತ್ತೆ ನಾಲ್ಕು ಅವಕಾಶ. ಇಲ್ಲವಾದರೆ ಚೆಂಡು ಎದುರಾಳಿಯ ಪಾಲು. ಎದುರಾಳಿಯ ಕೊನೆಯ ಗೆರೆ ದಾಟಿದರೆ 6 ಅಂಕ. ಎದುರು ಪಕ್ಷದವರು ಓಡುವವನ ಮೇಲೆ ಬಿದ್ದು ಉರುಳಿಸಿ ತಡೆಯುತ್ತಾರೆ. ಕಬಡ್ಡಿಯ ಹಿಡಿತವನ್ನೂ ಚದುರಂಗದ ಲೆಕ್ಕಾಚಾರವನ್ನೂ ಒಂದೇ ಅಂಗಣದಲ್ಲಿ ಬೆರೆಸಿದಂತೆ ಎಂದು ತಿಳಿದುಕೊಂಡರೆ ಸಾಕು.

ರಾಕ್ನಿ ಹುಟ್ಟಿದ್ದು 1888ರ ಮಾರ್ಚ್ 4ರಂದು, ಯುರೋಪಿನ ಉತ್ತರ ತುದಿಯ ನಾರ್ವೆ ದೇಶದಲ್ಲಿ, ವೋಸ್ ಎಂಬ ಬೆಟ್ಟಗುಡ್ಡಗಳ ಊರಿನಲ್ಲಿ. ತಂದೆ ಗಾಡಿ ಕಟ್ಟುವ ಕುಶಲಕರ್ಮಿ. ಅಮೆರಿಕದ ಶಿಕಾಗೋ ನಗರದಲ್ಲಿ ನಡೆಯಲಿದ್ದ ಜಾಗತಿಕ ಮೇಳದ ನಿಮಿತ್ತ ಅವರು ಹಡಗು ಹತ್ತಿದರು. 1893ರಲ್ಲಿ ಹೆಂಡತಿ ಮಕ್ಕಳನ್ನೂ ಕರೆಸಿಕೊಂಡರು. ಆಗ ಬಾಲಕ ರಾಕ್ನಿಗೆ ಐದು ವರ್ಷ. ಮಕ್ಕಳೇ, ಈ ಇಸವಿಯನ್ನು ಎಲ್ಲೋ ಕೇಳಿದಂತೆ ಅನಿಸುವುದಿಲ್ಲವೇ? ಅದೇ ಮೇಳದ ಸಂದರ್ಭದಲ್ಲಿ, ಅದೇ ಊರಿನಲ್ಲಿ, ಅದೇ 1893ರ ಸೆಪ್ಟೆಂಬರ್ 11ರಂದು ಸ್ವಾಮಿ ವಿವೇಕಾನಂದರು ಸರ್ವಧರ್ಮ ಸಮ್ಮೇಳನದಲ್ಲಿ ಮಾತನಾಡಿದರು. ಭಾರತದ ಸಂನ್ಯಾಸಿಯೊಬ್ಬರು ಜಗತ್ತಿಗೆ ಪರಿಚಯವಾದ ವರ್ಷವೇ ನಾರ್ವೆಯ ಈ ಮಗು ಅಪರಿಚಿತ ನಗರದ ಬೀದಿಗೆ ಕಾಲಿಟ್ಟಿತು.

ಮನೆಯಲ್ಲಿ ನಾರ್ವೆಯ ಭಾಷೆ, ಬೀದಿಯಲ್ಲೂ ಶಾಲೆಯಲ್ಲೂ ಇಂಗ್ಲಿಷು. ನಮ್ಮ ಕಾಸರಗೋಡಿನ ಮಕ್ಕಳಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ. ತುಳು, ಕೊಂಕಣಿ, ಮರಾಟಿ, ಮಲಯಾಳಗಳನ್ನು ಮನೆಯಲ್ಲಿ ಆಡಿ, ಕನ್ನಡದಲ್ಲಿ ಪಾಠ ಕಲಿತು, ಬಸ್ಸಿನ ಬೋರ್ಡನ್ನು ಮಲಯಾಳದಲ್ಲಿ ಓದುವವರು ನೀವು. ಎರಡು ಮಾತಿನ ನಡುವೆ ಬೆಳೆಯುವ ಮಗು ಎರಡನ್ನೂ ಕಳೆದುಕೊಳ್ಳುತ್ತದೆ ಎಂಬ ಭಯ ಅನೇಕರಿಗಿದೆ. ಮನೆಮಾತು ಕೊಂಕಣಿಯಾಗಿದ್ದ ಮಂಜೇಶ್ವರದ ಗೋವಿಂದ ಪೈಗಳು ಕನ್ನಡದ ರಾಷ್ಟ್ರಕವಿಯಾದುದನ್ನು ನೆನೆದರೆ ಆ ಭಯಕ್ಕೆ ಆಧಾರವಿಲ್ಲವೆಂದು ತಿಳಿಯುತ್ತದೆ. ಪೈಗಳು ಹುಟ್ಟಿದ್ದು 1883ರಲ್ಲಿ, ರಾಕ್ನಿಗಿಂತ ಕೇವಲ ಐದು ವರ್ಷ ಮೊದಲು. ನಾರ್ವೆಯ ಮಾತಿನ ಮನೆಯಿಂದ ಬಂದ ರಾಕ್ನಿಯವರೂ ಮುಂದೆ ಇಂಗ್ಲಿಷಿನಲ್ಲಿ ಸಾವಿರಾರು ಜನರನ್ನು ಹಿಡಿದು ನಿಲ್ಲಿಸಬಲ್ಲ ಮಾತುಗಾರರಾದರು.

ಆದರೆ ದಾರಿ ಸುಲಭವಾಗಿರಲಿಲ್ಲ. ಹೈಸ್ಕೂಲು ಬಿಟ್ಟ ಮೇಲೆ ಕಾಲೇಜಿಗೆ ಹೋಗಲು ಹಣವಿರಲಿಲ್ಲ. ರಾಕ್ನಿ ಶಿಕಾಗೋ ಅಂಚೆ ಕಚೇರಿಯಲ್ಲಿ ಕೆಲಸಕ್ಕೆ ಸೇರಿದರು. ಸುಮಾರು ನಾಲ್ಕು ವರ್ಷ ಟಪಾಲು ವಿಂಗಡಿಸುತ್ತ, ಸಂಬಳದಲ್ಲಿ ಅಷ್ಟಿಷ್ಟು ಉಳಿಸುತ್ತ ಬಂದರು. 1910ರಲ್ಲಿ, ತಮ್ಮ 22ನೆಯ ವಯಸ್ಸಿನಲ್ಲಿ, ಇಂಡಿಯಾನಾ ರಾಜ್ಯದ ಸೌತ್ ಬೆಂಡ್ ಊರಿನ ಬಳಿಯ ನೋಟರ್ ಡೇಮ್ ವಿಶ್ವವಿದ್ಯಾಲಯಕ್ಕೆ ಸೇರಿದರು. ಸಹಪಾಠಿಗಳೆಲ್ಲ ನಾಲ್ಕು ವರ್ಷ ಕಿರಿಯರು. ಆ ವಯಸ್ಸಿನಲ್ಲಿ ನಮ್ಮಲ್ಲಿ ಓದು ಮುಗಿಸಿ ಕೆಲಸ ಹುಡುಕುವ ಹೊತ್ತು. ಒಮ್ಮೆ ನಿಂತ ಓದು ಮತ್ತೆ ಹೊರಡಲಾರದು ಎಂದು ನಂಬಿರುವ ಹೆತ್ತವರು ಈ ಸಂಗತಿಯನ್ನು ದಯವಿಟ್ಟು ಗಮನಿಸಬೇಕು. ದುಡಿಯಲು ಹೋದದ್ದು ತಪ್ಪಲ್ಲ. ಪುಸ್ತಕದ ಬಾಗಿಲನ್ನು ಶಾಶ್ವತವಾಗಿ ಮುಚ್ಚಿಕೊಳ್ಳುವುದು ತಪ್ಪು.

ಕಾಲೇಜಿನಲ್ಲಿ ರಾಕ್ನಿ ಓದಿದ್ದು ರಸಾಯನಶಾಸ್ತ್ರ ಮತ್ತು ಔಷಧಶಾಸ್ತ್ರ. ಅವರು ದೈತ್ಯದೇಹಿಯಲ್ಲ; ಎತ್ತರ ಸುಮಾರು 5 ಅಡಿ 8 ಅಂಗುಲ. ಭಾರೀ ಮೈಕಟ್ಟಿನವರ ಈ ಆಟದಲ್ಲಿ ಅದು ಕಡಿಮೆಯೇ. ಕಡಿಮೆಯಾದುದನ್ನು ಅವರು ವೇಗದಿಂದಲೂ ಯೋಚನೆಯಿಂದಲೂ ತುಂಬಿಕೊಂಡರು.

ಇಲ್ಲಿ ಆಟದ ನಿಯಮದ ಒಂದು ಮುಖ್ಯ ವಿಷಯ ಹೇಳಬೇಕು. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಈ ಆಟ ಬಹಳ ಕ್ರೂರವಾಗಿತ್ತು. ಗುಂಪುಗುಂಪಾಗಿ ನುಗ್ಗಿ ಎದುರಾಳಿಯನ್ನು ತುಳಿದು ಸಾಗುವುದೇ ತಂತ್ರ. 1905ರ ಒಂದೇ ಋತುವಿನಲ್ಲಿ, ಪತ್ರಿಕೆಗಳ ಲೆಕ್ಕದಂತೆ, ಹದಿನೆಂಟರಷ್ಟು ಯುವಕರು ಜೀವ ಕಳೆದುಕೊಂಡರು. ಆಟವನ್ನೇ ನಿಷೇಧಿಸಬೇಕೆಂಬ ಕೂಗೆದ್ದಿತು. ಆಗಿನ ಅಧ್ಯಕ್ಷ ಥಿಯೋಡರ್ ರೂಸ್‌ವೆಲ್ಟ್ ಆ ವರ್ಷದ ಅಕ್ಟೋಬರಿನಲ್ಲಿ ದೊಡ್ಡ ಕಾಲೇಜುಗಳ ಪ್ರತಿನಿಧಿಗಳನ್ನು ಶ್ವೇತಭವನಕ್ಕೆ ಕರೆಸಿ ಆಟವನ್ನು ಸುಧಾರಿಸಬೇಕೆಂದರು. 1906ರಲ್ಲಿ ನಿಯಮಗಳು ಬದಲಾದವು. ಚೆಂಡನ್ನು ಮುಂದಕ್ಕೆ ಎಸೆಯಲು ಅನುಮತಿ ದೊರೆತದ್ದು ಆಗಲೇ. ಗುಂಪಾಗಿ ನುಗ್ಗುವ ಬದಲು ಆಟಗಾರರು ಬಯಲಿನಲ್ಲಿ ಚದರಲಿ ಎಂಬುದು ಇದರ ಉದ್ದೇಶ.

ನಿಯಮ ಬಂದರೂ ದೊಡ್ಡ ತಂಡಗಳು ಹಳೆಯ ರೂಢಿಯನ್ನು ಬಿಡಲಿಲ್ಲ. 1913ರ ಬೇಸಗೆ ರಜೆಯಲ್ಲಿ ರಾಕ್ನಿಯೂ ಗೆಳೆಯ ಗಸ್ ಡೊರೈಸ್ ಎಂಬವರೂ ಓಹಿಯೋ ರಾಜ್ಯದ ಸೀಡರ್ ಪಾಯಿಂಟ್ ಎಂಬ ಸರೋವರ ತೀರದ ವಿಹಾರಧಾಮದಲ್ಲಿ ಕೆಲಸಕ್ಕೆ ನಿಂತರು. ಬಿಡುವು ಸಿಕ್ಕಿದಾಗಲೆಲ್ಲ ಮರಳ ಮೇಲೆ ಒಬ್ಬರು ಎಸೆಯುವುದು, ಇನ್ನೊಬ್ಬರು ಓಡುತ್ತಲೇ ಹಿಡಿಯುವುದು, ಇದೇ ಅಭ್ಯಾಸ. ನವೆಂಬರ್ 1ರಂದು ನೋಟರ್ ಡೇಮ್ ತಂಡ ವೆಸ್ಟ್ ಪಾಯಿಂಟಿನ ಸೈನಿಕ ಕಾಲೇಜಿನ ಬಲಾಢ್ಯ ತಂಡವನ್ನು ಎದುರಿಸಿತು. ಯಾರಿಗೂ ಅಷ್ಟಾಗಿ ಗೊತ್ತಿಲ್ಲದ ಊರಿನ ಹುಡುಗರು ಸೋಲುತ್ತಾರೆಂದೇ ಎಲ್ಲರ ಎಣಿಕೆ. ಡೊರೈಸ್ ಎಸೆದ 17 ಎಸೆತಗಳಲ್ಲಿ 14 ಸಫಲವಾದವು. ನೋಟರ್ ಡೇಮ್ 35-13ರಿಂದ ಗೆದ್ದಿತು.

ಮುಂದಕ್ಕೆ ಎಸೆಯುವ ತಂತ್ರವನ್ನು ಕಂಡುಹಿಡಿದವರೇ ರಾಕ್ನಿ ಎಂದು ಕೆಲವರು ಹೇಳುವುದುಂಟು. ಅದು ಸರಿಯಲ್ಲ. 1906ರಲ್ಲೇ ಸೇಂಟ್ ಲೂಯಿಸ್ ವಿಶ್ವವಿದ್ಯಾಲಯದ ತಂಡ ಅದನ್ನು ಬಳಸಿತ್ತು. ಎಲ್ಲರಿಗೂ ತೆರೆದಿದ್ದ ದಾರಿಯಲ್ಲಿ ನಡೆಯಲು ರಜೆಯಿಡೀ ಕಾಲು ಪಳಗಿಸಿಕೊಂಡದ್ದೇ ಈ ಇಬ್ಬರ ಹೆಚ್ಚುಗಾರಿಕೆ. ವ್ಯಾಕರಣದ ಸೂತ್ರ ಪುಸ್ತಕದಲ್ಲಿ ಎಲ್ಲರಿಗೂ ಇದೆ. ಬರೆದು ಬರೆದು ಅಭ್ಯಾಸ ಮಾಡಿದವನ ಕೈಗೆ ಮಾತ್ರ ಅದು ಪರೀಕ್ಷೆಯ ದಿನ ಒದಗುತ್ತದೆ.

1914ರಲ್ಲಿ ರಾಕ್ನಿ ಉನ್ನತ ಅಂಕಗಳೊಂದಿಗೆ ಪದವಿ ಪಡೆದರು. ಅಲ್ಲಿಯೇ ರಸಾಯನಶಾಸ್ತ್ರದ ಅಧ್ಯಾಪಕರಾದರು. ಜೊತೆಗೆ ತಂಡದ ಸಹಾಯಕ ತರಬೇತುದಾರರೂ ಆದರು. ಬಿಡುವಿನ ದಿನಗಳಲ್ಲಿ ಓಹಿಯೋದ ಮ್ಯಾಸಿಲನ್ ಪಟ್ಟಣದ ವೃತ್ತಿಪರ ತಂಡಕ್ಕೂ ಆಡಿದ್ದುಂಟು. ಅವರು ಪ್ರಯೋಗಶಾಲೆಯಲ್ಲಿ ದುಡಿದದ್ದು ಫಾದರ್ ಜೂಲಿಯಸ್ ನ್ಯೂಲೆಂಡ್ ಎಂಬ ವಿಜ್ಞಾನಿಯ ಜೊತೆಯಲ್ಲಿ. ನಿಯೋಪ್ರೀನ್ ಎಂಬ ಕೃತಕ ರಬ್ಬರು ತಯಾರಾದದ್ದು ಆ ಪಾದ್ರಿಗಳ ಸಂಶೋಧನೆಯ ತಳಹದಿಯ ಮೇಲೆ. ರಾಕ್ನಿ ವಿಜ್ಞಾನಿಯಾಗಿಯೇ ಉಳಿಯಬಹುದಿತ್ತು. ಆಟವನ್ನು ಆರಿಸಿಕೊಂಡರು, ಆದರೆ ಆಟದಲ್ಲಿ ಸೋತು ಓದಿಗೆ ಬಂದವರಾಗಲಿ, ಓದಿನಲ್ಲಿ ಸೋತು ಆಟಕ್ಕೆ ಹೋದವರಾಗಲಿ ಅವರಲ್ಲ. ಎರಡನ್ನೂ ಗಟ್ಟಿಯಾಗಿ ಹಿಡಿದಿದ್ದವರಿಗೆ ಮಾತ್ರ ಆರಿಸಿಕೊಳ್ಳುವ ಸ್ವಾತಂತ್ರ್ಯ ಇರುತ್ತದೆ.

1918ರಲ್ಲಿ ಅವರು ಮುಖ್ಯ ತರಬೇತುದಾರರಾದರು. 1930ರವರೆಗಿನ 13 ಋತುಗಳಲ್ಲಿ ಅವರ ತಂಡ 105 ಪಂದ್ಯ ಗೆದ್ದಿತು, 12 ಸೋತಿತು, 5 ಸಮವಾದವು. ಐದು ಋತುಗಳಲ್ಲಿ ಒಂದು ಸೋಲೂ ಇಲ್ಲ, ಒಂದು ಸಮವೂ ಇಲ್ಲ. ಚೆಂಡು ಚಲಿಸುವ ಮುನ್ನ ಹಿಂದಿನ ಸಾಲಿನ ನಾಲ್ವರೂ ತಾಳಕ್ಕೆ ಹೆಜ್ಜೆ ಹಾಕುವವರಂತೆ ಒಟ್ಟಿಗೆ ಸ್ಥಾನ ಬದಲಿಸುವ ಅವರ ತಂತ್ರ ಎದುರಾಳಿಗಳನ್ನು ಎಷ್ಟು ಕಂಗೆಡಿಸಿತೆಂದರೆ, ಅದನ್ನು ಕಟ್ಟಿಹಾಕಲು ನಿಯಮಗಳನ್ನೇ ತಿದ್ದಬೇಕಾಯಿತು. ನಮ್ಮ ಯಕ್ಷಗಾನದಲ್ಲಿ ಭಾಗವತರನ್ನು ಒಂದನೆಯ ವೇಷ ಎನ್ನುತ್ತೇವೆ. ಬಣ್ಣವಿಲ್ಲ, ಕಿರೀಟವಿಲ್ಲ, ಕುಣಿತವಿಲ್ಲ. ಆದರೂ ರಂಗಸ್ಥಳದ ಒಂದೊಂದು ಹೆಜ್ಜೆಯೂ ಅವರ ಜಾಗಟೆಗೆ ಕಾದಿರುತ್ತದೆ. ಅಂಗಣದ ಗೆರೆಯ ಹೊರಗೆ ನಿಂತ ತರಬೇತುದಾರನ ಸ್ಥಾನವೂ ಅಂಥದೇ.

1924ರ ತಂಡದಲ್ಲಿ ಸ್ಟೂಲ್‌ಡ್ರೇರ್, ಕ್ರೌಲಿ, ಮಿಲ್ಲರ್, ಲೇಡನ್ ಎಂಬ ನಾಲ್ವರು ಹುಡುಗರಿದ್ದರು. ಗ್ರಾಂಟ್‌ಲ್ಯಾಂಡ್ ರೈಸ್ ಎಂಬ ಪತ್ರಕರ್ತ ಅವರನ್ನು ನಾಲ್ವರು ಕುದುರೆ ಸವಾರರೆಂದು ಬಣ್ಣಿಸಿದ ಮೇಲೆ ದೇಶಕ್ಕೆ ದೇಶವೇ ಅವರ ಹೆಸರು ಹೇಳತೊಡಗಿತು. 1925ರ ಜನವರಿ 1ರಂದು ಅವರು ಸ್ಟ್ಯಾನ್‌ಫರ್ಡ್ ತಂಡವನ್ನು 27-10ರಿಂದ ಸೋಲಿಸಿದರು.

ಆ ಕಾಲದ ಇನ್ನೊಂದು ಸಂಗತಿ ಗಡಿನಾಡಿನ ಮಕ್ಕಳು ತಿಳಿಯತಕ್ಕದ್ದು. ನೋಟರ್ ಡೇಮ್ ಕೆಥೊಲಿಕರ ವಿದ್ಯಾಸಂಸ್ಥೆ. ಅಲ್ಲಿ ಐರಿಷ್ ಮೂಲದ ವಲಸಿಗರ ಮಕ್ಕಳು ಬಹಳ. ಅಂದಿನ ಅಮೆರಿಕದಲ್ಲಿ ಕೆಥೊಲಿಕರನ್ನೂ ಹೊಸದಾಗಿ ಬಂದವರನ್ನೂ ಕೀಳಾಗಿ ಕಾಣುವ ಜನ ಕಡಿಮೆ ಇರಲಿಲ್ಲ. ಈ ತಂಡವನ್ನು ಹಂಗಿಸಲು ಜಗಳಗಂಟ ಐರಿಷರು ಎಂಬ ಅರ್ಥದ ಫೈಟಿಂಗ್ ಐರಿಷ್ ಎಂಬ ಹೆಸರಿಟ್ಟು ಕೂಗುವುದಿತ್ತು. 1927ರಲ್ಲಿ ವಿಶ್ವವಿದ್ಯಾಲಯ ಅದೇ ಹೆಸರನ್ನು ತನ್ನ ತಂಡದ ಅಧಿಕೃತ ಹೆಸರಾಗಿ ಸ್ವೀಕರಿಸಿತು. ಹಂಗಿಸಿದ ಮಾತೇ ಹೆಮ್ಮೆಯ ಬಿರುದಾಯಿತು. ನಿಮ್ಮ ಕನ್ನಡದಲ್ಲಿ ತುಳುವಿನ ರಾಗವಿದೆ, ಮಲಯಾಳದ ವಾಸನೆಯಿದೆ ಎಂದು ಯಾರಾದರೂ ನಕ್ಕರೆ, ಮಕ್ಕಳೇ, ತಲೆ ತಗ್ಗಿಸಬೇಡಿರಿ. ಆ ರಾಗ ನಮ್ಮ ಮಣ್ಣಿನದು.

ಇನ್ನು ಸೋಲುಗಳ ಮಾತು. 1926ರಲ್ಲಿ ಗೆಲುವಿನ ಮೇಲೆ ಗೆಲುವು ಸಿಕ್ಕಿತ್ತು. ನವೆಂಬರ್ 27ರಂದು ಪಿಟ್ಸ್‌ಬರ್ಗಿನಲ್ಲಿ ಕಾರ್ನೆಗಿ ಟೆಕ್ ತಂಡದೊಡನೆ ಪಂದ್ಯ. ಸುಲಭದ ಗೆಲುವೆಂದು ಭಾವಿಸಿದ ರಾಕ್ನಿ ತಂಡವನ್ನು ಸಹಾಯಕರಿಗೆ ಒಪ್ಪಿಸಿ, ಶಿಕಾಗೋದಲ್ಲಿ ಬೇರೊಂದು ಪಂದ್ಯ ನೋಡಲು ಹೋದರು. ಅವರ ತಂಡ 19-0ರಿಂದ ಸೋತಿತು. ಆ ಋತುವಿನ ಏಕೈಕ ಸೋಲು ಅದು. ಎದುರಾಳಿಯನ್ನು ಹಗುರವಾಗಿ ಕಾಣಬಾರದೆಂದು ನಿತ್ಯ ಬೋಧಿಸುವ ಗುರುವೂ ಎಡವಬಲ್ಲ. 1928ರಲ್ಲಂತೂ ಒಂಬತ್ತರಲ್ಲಿ ನಾಲ್ಕು ಪಂದ್ಯ ಕೈಬಿಟ್ಟವು.

ಅದೇ 1928ರ ನವೆಂಬರ್ 10ರ ಪಂದ್ಯವೊಂದು ಪ್ರಸಿದ್ಧವಾಗಿದೆ. ಅದಕ್ಕೆ ಎಂಟು ವರ್ಷ ಹಿಂದೆ, 1920ರ ಡಿಸೆಂಬರ್ 14ರಂದು, ರಾಕ್ನಿಯವರ ಮೆಚ್ಚಿನ ಆಟಗಾರ ಜಾರ್ಜ್ ಗಿಪ್ ಗಂಟಲಿನ ಸೋಂಕು ಮತ್ತು ನ್ಯುಮೋನಿಯಾದಿಂದ ತೀರಿಕೊಂಡಿದ್ದ. ವಯಸ್ಸು ಕೇವಲ 25. ಪೆನಿಸಿಲಿನ್ ಆಗ ಇನ್ನೂ ಬಂದಿರಲಿಲ್ಲ. ಸೈನಿಕ ಕಾಲೇಜಿನ ತಂಡದೆದುರು ತಮ್ಮ ಹುಡುಗರು ಬಸವಳಿದಿದ್ದಾಗ ರಾಕ್ನಿ ಗಿಪ್ಪನನ್ನು ನೆನಪಿಸಿ, ಅವನ ಕೊನೆಯ ಬಯಕೆಯೆಂದು ಹೇಳಿ, ಅವನಿಗಾಗಿ ಗೆಲ್ಲಿರೆಂದು ಹುರಿದುಂಬಿಸಿದರು. ತಂಡ 12-6ರಿಂದ ಗೆದ್ದಿತು. ಗಿಪ್ ನಿಜವಾಗಿ ಹಾಗೆ ಹೇಳಿದ್ದನೇ ಎಂಬ ಬಗ್ಗೆ ಚರಿತ್ರಕಾರರಿಗೆ ಸಂದೇಹವಿದೆ. ಮಾತಿನ ಶಕ್ತಿ ಎಷ್ಟು ದೊಡ್ಡದು ಎಂಬುದನ್ನು ಮಾತ್ರ ಇಲ್ಲಿ ಕಾಣಬಹುದು. ತಾಳಮದ್ದಳೆಯ ನಾಡಿನವರಾದ ನಮಗೆ ಇದು ಹೊಸತಲ್ಲ. ಅಷ್ಟೇ ಎಚ್ಚರವೂ ನಮಗಿರಬೇಕು. ಒಳ್ಳೆಯ ಅರ್ಥಗಾರಿಕೆ ಎದೆ ತಟ್ಟುತ್ತದೆ ಎಂದಮಾತ್ರಕ್ಕೆ ಹೇಳಿದ್ದೆಲ್ಲ ನಡೆದದ್ದೇ ಆಗಬೇಕೆಂದಿಲ್ಲ.

1929ರಲ್ಲಿ ರಾಕ್ನಿಯವರ ಕಾಲಿನ ರಕ್ತನಾಳದಲ್ಲಿ ಉರಿಯೂತವಾಯಿತು. ಹೆಪ್ಪುಗಟ್ಟಿದ ರಕ್ತ ಹೃದಯಕ್ಕೆ ಸಾಗಿದರೆ ಸಾವು ಎಂದು ವೈದ್ಯರು ಎಚ್ಚರಿಸಿದರು. ಅವರು ಗಾಲಿಕುರ್ಚಿಯಲ್ಲಿ ಕುಳಿತು ತರಬೇತಿ ನಡೆಸಿದರು. ಹೊಸ ಕ್ರೀಡಾಂಗಣ ಕಟ್ಟುತ್ತಿದ್ದುದರಿಂದ ಆ ವರ್ಷ ಎಲ್ಲ ಪಂದ್ಯಗಳೂ ಪರವೂರಿನಲ್ಲಿ. ಒಂಬತ್ತಕ್ಕೆ ಒಂಬತ್ತೂ ಗೆದ್ದರು. ಮರುವರ್ಷ ಹತ್ತಕ್ಕೆ ಹತ್ತು.

ಅಲ್ಲಿಗೆ ಬದುಕು ಮುಗಿಯಿತು. 1931ರ ಮಾರ್ಚ್ 31ರಂದು, ಚಲನಚಿತ್ರವೊಂದರ ಕೆಲಸಕ್ಕಾಗಿ ಕನ್ಸಾಸ್ ಸಿಟಿಯಿಂದ ಲಾಸ್ ಏಂಜಲೀಸಿಗೆ ಹೊರಟ ಅವರ ವಿಮಾನ ಕನ್ಸಾಸ್ ರಾಜ್ಯದ ಬಜಾರ್ ಎಂಬ ಹಳ್ಳಿಯ ಬಳಿ ಬಿದ್ದಿತು. ಒಳಗಿದ್ದ ಎಂಟು ಮಂದಿಯೂ ತೀರಿಕೊಂಡರು. ರಾಕ್ನಿಗೆ ಆಗ 43. ಮನೆಯಲ್ಲಿ ಹೆಂಡತಿ, ನಾಲ್ವರು ಮಕ್ಕಳು. ಫೋಕರ್ ಜಾತಿಯ ಆ ವಿಮಾನದ ರೆಕ್ಕೆ ಮರದ್ದು. ಒಳಗೆ ತೇವ ಸೇರಿ ಅಂಟು ಸಡಿಲವಾದರೆ ಹೊರಗಿನಿಂದ ಕಾಣಿಸದು. ರಾಕ್ನಿಯವರ ಹೆಸರಿನಿಂದಾಗಿ ಈ ಅಪಘಾತ ಇಡೀ ದೇಶದ ಚರ್ಚೆಯಾಯಿತು. ಅಪಘಾತದ ತನಿಖೆಯನ್ನು ಜನರ ಮುಂದಿಡಬೇಕೆಂಬ ಒತ್ತಾಯ ಬಂತು. ಪೂರ್ತಿ ಲೋಹದ ವಿಮಾನಗಳತ್ತ ಕಂಪೆನಿಗಳು ಬೇಗಬೇಗ ಹೊರಳಿದವು. ಆ ದಾರಿಯಲ್ಲಿ ಬಂದದ್ದೇ ಡಿಸಿ-3. ಅದರ ಸೇನಾ ರೂಪವಾದ ಡಕೋಟಾ ವಿಮಾನಗಳಲ್ಲೇ 1947ರ ಅಕ್ಟೋಬರ್ 27ರಂದು ನಮ್ಮ ಸೈನಿಕರು ಶ್ರೀನಗರಕ್ಕೆ ಹೋಗಿ ಇಳಿದದ್ದು.

ಹೆತ್ತವರೇ, ಇಲ್ಲಿ ಒಂದು ಮಾತು. 1905ರಲ್ಲಿ ಹುಡುಗರು ಸತ್ತಾಗ ಆ ದೇಶದವರು ಆಟವನ್ನು ಬಿಡಲಿಲ್ಲ, ನಿಯಮ ತಿದ್ದಿದರು. 1931ರಲ್ಲಿ ವಿಮಾನ ಬಿದ್ದಾಗ ಹಾರುವುದನ್ನು ಬಿಡಲಿಲ್ಲ, ರೆಕ್ಕೆ ಬದಲಿಸಿದರು. ಹಾಗೆಂದು ಎಲ್ಲವೂ ಸರಿಹೋಯಿತೆಂದಲ್ಲ. ತಲೆಗೆ ಮತ್ತೆ ಮತ್ತೆ ಬೀಳುವ ಪೆಟ್ಟು ಈ ಆಟಗಾರರ ಮಿದುಳನ್ನು ಹಾಳುಗೆಡಹುತ್ತದೆಂದು 2005ರಲ್ಲಿ ಬೆನೆಟ್ ಒಮಾಲು ಎಂಬ ವೈದ್ಯರು ಮೊದಲ ಪ್ರಕರಣದ ಸಾಕ್ಷ್ಯ ಸಹಿತ ಪ್ರಕಟಿಸಿದ ಮೇಲೆ ಮತ್ತೊಂದು ಸುತ್ತಿನ ತಿದ್ದುಪಡಿ ಆರಂಭವಾಯಿತು. ನಮ್ಮ ಮಕ್ಕಳ ವಿಷಯದಲ್ಲೂ ಹಾಗೆಯೇ. ಆಟದಲ್ಲಿ ಮೊಣಕಾಲು ಒಡೆದರೆ, ಅಂಕ ಕಡಿಮೆಯಾದರೆ, ಆಟ ಬಿಡಿಸುವುದು ಸುಲಭದ ದಾರಿ. ಹೊತ್ತಿಗೊಂದು ನಿಯಮ ಮಾಡುವುದು, ನೋವನ್ನು ಮುಚ್ಚಿಡದಂತೆ ಕಲಿಸುವುದು, ಬಯಲಿನ ಕಲ್ಲು ಆರಿಸುವುದು ಕಷ್ಟದ ದಾರಿ. ಎರಡನೆಯದನ್ನು ನಾವು ನೀವು ಸೇರಿ ಹಿಡಿಯಬೇಕು.

ರಾಕ್ನಿಯವರ ನಿಜವಾದ ಆಸ್ತಿ ಅವರ ಶಿಷ್ಯರು. 1918ರಲ್ಲಿ ಅವರ ಕೈಕೆಳಗೆ ಆಡಿದ ಕರ್ಲಿ ಲ್ಯಾಂಬೊ ಮರುವರ್ಷ ಗ್ರೀನ್ ಬೇ ಪ್ಯಾಕರ್ಸ್ ಎಂಬ ತಂಡವನ್ನು ಕಟ್ಟುವುದರಲ್ಲಿ ಮುಂದಾದರು. ನಾಲ್ವರು ಸವಾರರೂ ತರಬೇತುದಾರರಾದರು. ಅವರಲ್ಲಿ ಕ್ರೌಲಿಯವರ ಬಳಿ ಕಲಿತ ವಿನ್ಸ್ ಲೊಂಬಾರ್ಡಿ ಮುಂದೆ ಅದೇ ಪ್ಯಾಕರ್ಸ್ ತಂಡವನ್ನು ಶಿಖರಕ್ಕೇರಿಸಿದರು. ಅಮೆರಿಕದ ವೃತ್ತಿಪರ ಫುಟ್‌ಬಾಲಿನ ಅತ್ಯುನ್ನತ ಪಾರಿತೋಷಕಕ್ಕೆ ಅವರದೇ ಹೆಸರು. ಗುರು ತೀರಿದ ಮೇಲೂ ಪಾಠ ಹೀಗೆ ಮುಂದೆ ಮುಂದೆ ಸಾಗುತ್ತದೆ. ಸಂಬಳ ಎಷ್ಟೇ ಇರಲಿ, ಅಧ್ಯಾಪಕನಾದವನಿಗೆ ಇದಕ್ಕಿಂತ ದೊಡ್ಡ ಸಂತೋಷವಿಲ್ಲ.

1988ರಲ್ಲಿ, ರಾಕ್ನಿ ಹುಟ್ಟಿ ನೂರು ವರ್ಷ ತುಂಬಿದಾಗ, ಅಮೆರಿಕ ಸರಕಾರ ಅವರ ಚಿತ್ರವಿರುವ ಅಂಚೆಚೀಟಿಯನ್ನು ಹೊರತಂದಿತು. ಚಲನಚಿತ್ರದಲ್ಲಿ ಹಿಂದೆ ಗಿಪ್ಪನ ಪಾತ್ರ ವಹಿಸಿದ್ದ, ಆಗ ದೇಶದ ಅಧ್ಯಕ್ಷರಾಗಿದ್ದ ರೊನಾಲ್ಡ್ ರೇಗನ್ ಸ್ವತಃ ನೋಟರ್ ಡೇಮಿಗೆ ಬಂದು ಅದನ್ನು ಬಿಡುಗಡೆ ಮಾಡಿದರು. ಕಾಲೇಜಿನ ಶುಲ್ಕಕ್ಕಾಗಿ ಪರರ ಕಾಗದಗಳನ್ನು ವಿಂಗಡಿಸುತ್ತಿದ್ದ ವಲಸೆಗಾರರ ಹುಡುಗನ ಮುಖ ಕಾಗದಗಳ ಮೇಲೆ ಅಂಟಿ ಊರೂರಿಗೆ ಹೋಯಿತು.

ವಿದ್ಯಾರ್ಥಿಗಳೇ, ಈ ವರ್ಷ ನಿಮ್ಮಲ್ಲಿ ಕೆಲವರು ಈ ಶಾಲೆಯನ್ನು ಬಿಟ್ಟು ಹೋಗುತ್ತೀರಿ. ಕೆಲವರು ಓದಲು, ಕೆಲವರು ದುಡಿಯಲು. ದುಡಿಯಲು ಹೋಗುವವರಿಗೆ ನಮ್ಮದೊಂದೇ ವಿನಂತಿ: ನಿಮ್ಮ ಅಂಕಪಟ್ಟಿಯನ್ನೂ ವರ್ಗಾವಣೆ ಪತ್ರವನ್ನೂ ಜೋಪಾನವಾಗಿ ತೆಗೆದಿಡಿರಿ. ನಾಲ್ಕು ವರ್ಷ ಕಳೆದು ಅದನ್ನು ಹಿಡಿದುಕೊಂಡು ಬಂದರೂ, ಎಲ್ಲಿ ಸೇರಬೇಕೆಂದು ಹೇಳಿಕೊಡಲು ನಾವು ಇಲ್ಲಿಯೇ ಇರುತ್ತೇವೆ.